ಬೈಕಿನ ಹಿಂದೆ ಕೂತವರಿಗೆ ವಿಮೆ ಉಂಟೇ?

ಪೇಟೆಗೆ ಹೊರಟಾಗ ನೆರೆಯವರನ್ನು ಬೈಕಿನ ಹಿಂದೆ ಕೂರಿಸಿಕೊಳ್ಳುವುದು ನಮ್ಮಲ್ಲಿ ಮಾಮೂಲು. ನಮ್ಮ ಅಜಾಗ್ರತೆಯಿಂದ ಬೈಕು ಬಿದ್ದು ಅವರ ಕಾಲು ಮುರಿದರೆ ಪರಿಹಾರ ಕೊಡೋದು ಯಾರು? 'ಇನ್ಶೂರೆನ್ಸ್ ಉಂಟಲ್ಲ' ಅಂತೀರಿ. ಯಾವ ಇನ್ಶೂರೆನ್ಸ್ ಅಂತ ನೋಡಿದ್ದೀರಾ?

ಕಾನೂನು ಕಡ್ಡಾಯ ಮಾಡಿರುವುದು ಥರ್ಡ್ ಪಾರ್ಟಿ ವಿಮೆ ಮಾತ್ರ. ಖರ್ಚು ಕಡಿಮೆಯೆಂದು ಬಹಳ ಮಂದಿ ಇದನ್ನೇ ಮಾಡಿಸುತ್ತಾರೆ. ನಮ್ಮ ಬೈಕು ದಾರಿಹೋಕರಿಗೆ ಬಡಿದರೆ ಇದು ಸಾಕು. ಆದರೆ ಹಿಂದೆ ಕೂತವರು ಇದರಲ್ಲಿ ಸೇರುವುದಿಲ್ಲ ಎಂದು ಸುಪ್ರೀಂ ಕೋರ್ಟು 2006ರಲ್ಲೇ ಹೇಳಿದೆ. ಆಗ ಪರಿಹಾರದ ಹೊರೆ ಬೈಕು ಓಡಿಸಿದವರ, ಮಾಲಕರ ತಲೆಗೆ. ತೋಟ ಮಾರಬೇಕಾಗಿ ಬಂದರೂ ಬಂತೇ!

ಪ್ಯಾಕೇಜ್ ಪಾಲಿಸಿಯಾದರೆ ಹಾಗಲ್ಲ. ಅದರಲ್ಲಿ ಹಿಂಬದಿ ಸವಾರರ ಹೊಣೆಯೂ ಕಂಪೆನಿಯದೇ ಎಂದು ವಿಮಾ ನಿಯಂತ್ರಣ ಪ್ರಾಧಿಕಾರ 2009ರಲ್ಲಿ ಸ್ಪಷ್ಟಪಡಿಸಿತು. 2012ರಲ್ಲಿ ಸುಪ್ರೀಂ ಕೋರ್ಟೂ ಈ ವ್ಯತ್ಯಾಸವನ್ನು ಒಪ್ಪಿತು.

ಪಾಲಿಸಿಯಲ್ಲಿ 15 ಲಕ್ಷ ರೂಪಾಯಿಯ ವೈಯಕ್ತಿಕ ಅಪಘಾತ ವಿಮೆ ಕಂಡು ಮೋಸಹೋಗಬೇಡಿ. ಅದು ಬೈಕು ಓಡಿಸುವ ಮಾಲಕನಿಗೆ, ಹಿಂದೆ ಕೂತವರಿಗಲ್ಲ.

ತಪ್ಪು ಎದುರಿನ ಲಾರಿಯದ್ದೋ ಕಾರಿನದ್ದೋ ಆದರೆ? ಹಿಂದೆ ಕೂತವರು ಆ ವಾಹನದ ವಿಮಾ ಕಂಪೆನಿಯಿಂದ ಪರಿಹಾರ ಕೇಳಬಹುದು. ಪೊಲೀಸ್ ದೂರು, ಆಸ್ಪತ್ರೆಯ ಚೀಟಿ, ಬಿಲ್ಲು ಜೋಪಾನವಾಗಿಡಿ. ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಗೆ ಆರು ತಿಂಗಳೊಳಗೆ ಅರ್ಜಿ ಹಾಕುವುದು ಕ್ಷೇಮ.

ಇವತ್ತೇ ಪಾಲಿಸಿ ಕಾಗದ ತೆಗೆದು ತಲೆಬರಹ ಓದಿ. 'ಲಯಬಿಲಿಟಿ ಓನ್ಲಿ' ಎಂದಿದ್ದರೆ, ನವೀಕರಣದ ವೇಳೆ ಪ್ಯಾಕೇಜ್ ಕೇಳಿ. ಹಿಂದೆ ಕೂರುವುದು ಹೆಚ್ಚಾಗಿ ನಮ್ಮ ಮನೆಯವರೇ ಅಲ್ಲವೇ?