ಕಪ್ ಗೆದ್ದವರು ಧರಣಿ ಕೂತರು

ಕಾಲ್ಚೆಂಡಿನ ಆಟ ನೀವು ನೋಡಿರಬಹುದು. ಶಾಲೆಯ ಬಯಲಲ್ಲಿ ಹುಡುಗರು ಆಡ್ತಾರಲ್ಲ, ಅದೇ. ಅದಕ್ಕೆ ಫುಟ್‌ಬಾಲ್ ಅಂತಲೂ ಹೆಸರು. ಒಂದೊಂದು ಕಡೆ 11 ಜನ. ಗೋಲು ಕಾಯುವವರನ್ನು ಬಿಟ್ಟು ಬೇರೆ ಯಾರೂ ಚೆಂಡನ್ನು ಕೈಯಲ್ಲಿ ಮುಟ್ಟುವ ಹಾಗಿಲ್ಲ.

ಈ ಆಟವನ್ನು ಹೆಂಗಸರೂ ಆಡ್ತಾರೆ. ಆಫ್ರಿಕಾ ಖಂಡದಲ್ಲಿ ನೈಜೀರಿಯಾ ಅನ್ನುವ ದೇಶ ಇದೆ. ಅಲ್ಲಿಯ ಹೆಂಗಸರ ತಂಡದ ವಿಷಯ ನಾವು ಈಗ ತಿಳಿಯೋಣ. ಆ ತಂಡದ ಹೆಸರು ಸೂಪರ್ ಫಾಲ್ಕನ್ಸ್. ಫಾಲ್ಕನ್ ಅಂದರೆ ಗಿಡುಗದಂಥ ಒಂದು ಹಕ್ಕಿ.

1991ರಲ್ಲಿ ಚೀನಾ ದೇಶದಲ್ಲಿ ಹೆಂಗಸರ ಮೊದಲ ವಿಶ್ವಕಪ್ ನಡೆಯಿತು. ಇಡೀ ಆಫ್ರಿಕಾದಿಂದ ಹೋದದ್ದು ಇದೊಂದೇ ತಂಡ. ಮೂರು ಆಟ ಆಡಿದರು. ಮೂರೂ ಸೋತರು. ಒಂದು ಗೋಲೂ ಹೊಡೆಯಲು ಆಗಲಿಲ್ಲ.

ಅಷ್ಟಕ್ಕೇ ಅವರು ಆಟ ಬಿಡಲಿಲ್ಲ. 1999ರ ವಿಶ್ವಕಪ್‌ನಲ್ಲಿ ಕೊನೆಯ ಎಂಟು ತಂಡಗಳ ಸಾಲಿಗೆ ಬಂದರು. ಅಲ್ಲಿ ಬ್ರೆಜಿಲ್ ದೇಶದ ತಂಡ ಮೊದಲೇ 3 ಗೋಲು ಹೊಡೆಯಿತು. ಇವರೂ 3 ಹೊಡೆದು ಸಮ ಮಾಡಿದರು. ಕೊನೆಗೆ ಸೋತದ್ದು ಒಂದೇ ಒಂದು ಗೋಲಿನಿಂದ. 2023ರ ವರೆಗೆ ನಡೆದ 9 ವಿಶ್ವಕಪ್‌ಗಳಲ್ಲಿ ಒಂದನ್ನೂ ಇವರು ತಪ್ಪಿಸಿಲ್ಲ.

ತಂಡದ ಹೆಸರಾಂತ ಆಟಗಾರ್ತಿ ಅಸಿಸತ್ ಒಶೋಲಾ. ಮಗಳು ಚೆಂಡಾಟಕ್ಕೆ ಹೋಗುವುದು ತಂದೆತಾಯಿಗೆ ಇಷ್ಟವಿರಲಿಲ್ಲ. ಆದರೂ ಆಡಿದಳು. ಆಫ್ರಿಕಾದ ಅತ್ಯುತ್ತಮ ಆಟಗಾರ್ತಿ ಅಂತ 6 ಸಲ ಪ್ರಶಸ್ತಿ ಪಡೆದಳು.

ಆಫ್ರಿಕಾದ ದೇಶಗಳ ನಡುವೆಯೂ ಒಂದು ಕಪ್ ಇದೆ. 1998ರಿಂದ 2014ರ ವರೆಗೆ ನೈಜೀರಿಯಾದ ಹೆಂಗಸರು ಅದನ್ನು 7 ಸಲ ಗೆದ್ದಿದ್ದರು. 2016ರಲ್ಲಿ ಎಂಟನೆಯ ಸಲವೂ ಗೆದ್ದರು. ಆಗ ತರಬೇತಿ ಕೊಟ್ಟವರು ಫ್ಲಾರೆನ್ಸ್ ಒಮಾಗ್ಬೆಮಿ. ಹಿಂದೆ ಇದೇ ತಂಡದ ನಾಯಕಿ ಆಗಿದ್ದವರು.

ಗೆದ್ದು ಬಂದರೂ ಅವರಿಗೆ ಬರಬೇಕಾದ ಹಣ ಬರಲಿಲ್ಲ. ಹಣ ಯಾಕೆ ಕೊಟ್ಟಿಲ್ಲ? ಈ ತಂಡ ಗೆಲ್ಲುತ್ತೆ ಅಂತ ಯಾರಿಗೂ ಗೊತ್ತಿರಲಿಲ್ಲ ಅಂದುಬಿಟ್ಟರು ಆಗಿನ ಕ್ರೀಡಾ ಮಂತ್ರಿ! ಏಳು ಸಲ ಗೆದ್ದವರ ಬಗ್ಗೆ ಆಡುವ ಮಾತೇ ಇದು?

ಆಟಗಾರ್ತಿಯರು ಸುಮ್ಮನೆ ಮನೆಗೆ ಹೋಗಲಿಲ್ಲ. ರಾಜಧಾನಿ ಅಬುಜಾದ ಹೋಟೆಲಿನಲ್ಲೇ ಧರಣಿ ಕೂತರು. ಹಣ ಕೊಡಿ, ಆಮೇಲೆ ಕಪ್ ತಗೊಳ್ಳಿ ಅಂದರು. ಪಾರ್ಲಿಮೆಂಟಿನ ವರೆಗೆ ಮೆರವಣಿಗೆ ಹೋದರು. ಹಣ ಬಂತು. ಇದು ಹೊಸದೇನೂ ಅಲ್ಲ. 2004ರಲ್ಲಿ ದಕ್ಷಿಣ ಆಫ್ರಿಕಾದಲ್ಲಿ ಕಪ್ ಗೆದ್ದಾಗಲೂ ಬಾಕಿ ಹಣಕ್ಕಾಗಿ ಹೀಗೇ ಹೋಟೆಲ್ ಬಿಟ್ಟು ಕದಲಿರಲಿಲ್ಲ.

2018ರಲ್ಲಿ ಮತ್ತೆ ಗೆದ್ದರು. 2022ರಲ್ಲಿ ಸೋತರು. 2025ರ ಜುಲೈನಲ್ಲಿ ಮೊರಾಕೊ ದೇಶದಲ್ಲಿ, ಅಲ್ಲಿಯ ತಂಡದ ಮೇಲೇ ಕೊನೆಯ ಪಂದ್ಯ. ಮೊದಲು 2 ಗೋಲು ಹಿಂದೆ ಬಿದ್ದರು. ಆಮೇಲೆ 3 ಗೋಲು ಹೊಡೆದರು. ಹತ್ತನೆಯ ಕಪ್ ಕೈಗೆ ಬಂತು.

ಒಬ್ಬೊಬ್ಬ ಆಟಗಾರ್ತಿಗೂ ಒಂದು ಲಕ್ಷ ಡಾಲರ್ ಹಣ, ಮೂರು ಕೋಣೆಯ ಒಂದು ಮನೆ ಕೊಡ್ತೇವೆ ಅಂತ ಆ ದೇಶದ ಅಧ್ಯಕ್ಷರು ಸಾರಿದರು. ನಮ್ಮ ಲೆಕ್ಕದಲ್ಲಿ ಆ ಹಣ 80 ಲಕ್ಷ ರೂಪಾಯಿಗೂ ಹೆಚ್ಚು. ಮನೆ ಅಬುಜಾದಲ್ಲಿ. 2016ರಲ್ಲಿ ಅವರು ಧರಣಿ ಕೂತದ್ದು ಅದೇ ಊರಿನಲ್ಲಿ.