ವರ್ಷಕ್ಕೆ ಐದು ಸೆಂಟಿಮೀಟರ್

ಕಕ್ಕಿಂಜೆಯಲ್ಲಿ ಹುಟ್ಟಿ, ಈಗ ಎಸ್ಸೆಸ್ಸೆಲ್ಸಿಗೆ ಬಂದಿರುವ ಹುಡುಗಿಯೊಬ್ಬಳು ಊರು ಬಿಟ್ಟು ಕದಲಿಲ್ಲ ಅಂದುಕೊಳ್ಳಿ. ಆದರೂ ಅವಳು ಹುಟ್ಟಿದಲ್ಲಿಂದ ಮುಕ್ಕಾಲು ಮೀಟರಿನಷ್ಟು ಈಶಾನ್ಯಕ್ಕೆ ಸರಿದಾಗಿದೆ. ಮನೆ, ಅಡಿಕೆ ತೋಟ, ಮೃತ್ಯುಂಜಯ ಹೊಳೆ, ಚಾರ್ಮಾಡಿ ಘಾಟಿ ಎಲ್ಲವೂ ಜೊತೆಗೇ ಹೊರಟಿದ್ದರಿಂದ ಯಾರಿಗೂ ಗೊತ್ತಾಗಿಲ್ಲ. ಭಾರತವನ್ನು ಹೊತ್ತ ಭೂಫಲಕ ವರ್ಷಕ್ಕೆ ಸುಮಾರು 5 ಸೆಂಟಿಮೀಟರ್ ಚಲಿಸುತ್ತದೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿರುವ ಜಿಪಿಎಸ್ ಕೇಂದ್ರ ಇದನ್ನು ವರ್ಷಗಳಿಂದ ಅಳೆಯುತ್ತಿದೆ.

ಐದು ಸೆಂಟಿಮೀಟರ್ ಏನು ಮಹಾ? ಲೆಕ್ಕ ಹಾಕಿ ನೋಡೋಣ. ಸುಮಾರು 8.8 ಕೋಟಿ ವರ್ಷಗಳ ಹಿಂದೆ ಮಡಗಾಸ್ಕರ್ ನಮ್ಮ ಪಶ್ಚಿಮ ಕರಾವಳಿಯಿಂದ ಕಳಚಿಕೊಂಡಿತು. ಇವತ್ತು ಮಂಗಳೂರಿನಿಂದ ಅದರ ಉತ್ತರ ತುದಿಗೆ ಹತ್ತಿರ ಹತ್ತಿರ 4000 ಕಿಲೋಮೀಟರ್, ಅಂದರೆ 40 ಕೋಟಿ ಸೆಂಟಿಮೀಟರ್. ಭಾಗಿಸಿದರೆ ವರ್ಷಕ್ಕೆ ಬರುವುದು ನಾಲ್ಕೂವರೆ! ಅಷ್ಟರಲ್ಲೇ ನಡುವೆ ಒಂದು ಸಾಗರ ತೆರೆದುಕೊಂಡಿತು. (ಇದು ಸರಾಸರಿ ಅಷ್ಟೆ. ಒಂದು ಕಾಲಕ್ಕೆ ನಮ್ಮ ಫಲಕ ವರ್ಷಕ್ಕೆ 15 ಸೆಂಟಿಮೀಟರಿಗೂ ಮಿಕ್ಕಿ ಓಡಿದ್ದುಂಟು.) ಆ ಬೇರ್ಪಡೆಯ ಹೊತ್ತಿನಲ್ಲಿ ಉಕ್ಕಿದ ಲಾವಾ ಮಲ್ಪೆಯ ಎದುರಿನ ಸೈಂಟ್ ಮೇರೀಸ್ ದ್ವೀಪದಲ್ಲಿದೆ. ತಣಿಯುತ್ತ ಕುಗ್ಗಿ, ಮೇಲಿನಿಂದ ಕೆಳಗಿನವರೆಗೆ ಸೀಳಿ, ಐದು, ಆರು, ಏಳು ಮೂಲೆಗಳ ಕಂಬಗಳಾಗಿ ನಿಂತಿದೆ. ಶಾಲಾ ಪ್ರವಾಸಕ್ಕೆ ಹೋದ ಮಕ್ಕಳು ಫೋಟೊಕ್ಕೆ ನಿಲ್ಲುವುದು ಇದರ ಮೇಲೆಯೇ.

ಭೂಕಂಪದ ಅಂಕಿಗಳು ಇನ್ನೂ ಮೋಸ ಮಾಡುತ್ತವೆ. 2022ರ ಜೂನ್ 28ರ ಬೆಳಿಗ್ಗೆ ಸುಳ್ಯ, ಸಂಪಾಜೆ, ಚೆಂಬು ಕಡೆ ನೆಲ ನಡುಗಿತು. ತೀವ್ರತೆ 3.0. 2004ರ ಡಿಸೆಂಬರ್ 26ರಂದು ಸುಮಾತ್ರಾದ ಬಳಿ ಆದದ್ದು 9.1. ಮೂರು ಪಟ್ಟು ದೊಡ್ಡದು ಅಂದುಕೊಂಡರೆ ಕೆಟ್ಟಿರಿ. ತೀವ್ರತೆ ಒಂದು ಅಂಕಿ ಏರಿದರೆ ಬಿಡುಗಡೆಯಾಗುವ ಶಕ್ತಿ ಸುಮಾರು 32 ಪಟ್ಟು, ಎರಡು ಏರಿದರೆ 1000 ಪಟ್ಟು. ಆ ಲೆಕ್ಕದಲ್ಲಿ ಸುಮಾತ್ರಾದ್ದು ಸುಮಾರು 140 ಕೋಟಿ ಪಟ್ಟು. ದೇಶದ ಒಬ್ಬೊಬ್ಬರ ಪಾಲಿಗೂ ಒಂದೊಂದು ಸಂಪಾಜೆ ಕಂಪನ ಹಂಚಬಹುದಿತ್ತು.

ಅಷ್ಟು ಶಕ್ತಿ ಬಂದದ್ದೂ ಅದೇ ಐದು ಸೆಂಟಿಮೀಟರಿನಿಂದ. ಅಲ್ಲಿ ನಮ್ಮದೇ ಫಲಕದ ಅಂಚು ಇನ್ನೊಂದರ ಅಡಿಗೆ ನುಗ್ಗುತ್ತದೆ. ನುಗ್ಗಲಾಗದೆ ಸಿಕ್ಕಿಕೊಂಡರೆ ಬಾಕಿ ಬೆಳೆಯುತ್ತದೆ. ಮುನ್ನೂರು ವರ್ಷದ ಬಾಕಿ 15 ಮೀಟರ್. ಅಂದು ಸುಮಾರು 1300 ಕಿಲೋಮೀಟರ್ ಉದ್ದಕ್ಕೆ ಬಿರಿದ ಶಿಲೆ ಕೆಲವೆಡೆ ಅಷ್ಟೇ ದೂರ ಜಾರಿತು, ಹತ್ತು ನಿಮಿಷದೊಳಗೆ.

ನಾವು ಅಂಚಿನಲ್ಲಿಲ್ಲ, ಫಲಕದ ಒಳಗಿದ್ದೇವೆ. ದೊಡ್ಡ ಕಂಪನ ಇಲ್ಲಿ ಅಪರೂಪ. ಆದರೆ ನಮ್ಮ ಬೀದರ್, ಕಲಬುರಗಿಗಳಿಗೆ ಹತ್ತಿರದ ಕಿಲ್ಲಾರಿಯೂ ಫಲಕದ ಒಳಗೇ ಇತ್ತು. 1993ರ ಸೆಪ್ಟೆಂಬರ್ 30ರ ನಸುಕಿನಲ್ಲಿ ಅಲ್ಲಿ 6.2 ತೀವ್ರತೆಯ ಭೂಕಂಪವಾಯಿತು. ಸಂಪಾಜೆಯದಕ್ಕಿಂತ 60 ಸಾವಿರ ಪಟ್ಟಿಗೂ ಹೆಚ್ಚು. ಕಲ್ಲು ಮಣ್ಣಿನ ದಪ್ಪ ಗೋಡೆಗಳ ಮನೆಗಳು ಮಲಗಿದ್ದವರ ಮೇಲೆಯೇ ಕುಸಿದವು. ಸತ್ತವರು ಸುಮಾರು ಹತ್ತು ಸಾವಿರ.