ಅಜ್ಜಿಯರ ನೆನಪಿಗೆ ಅಕ್ಷರ ಕೊಟ್ಟ ಆಸಿಯಾ ಜೆಬಾರ್

ಒಬ್ಬ ತಂದೆ ಮಗಳ ಕೈಹಿಡಿದು ಶಾಲೆಗೆ ಕರೆದೊಯ್ದರೆ ಏನಾಗಬಹುದು? ಅಲ್ಜೀರಿಯಾದ ಆಸಿಯಾ ಜೆಬಾರ್‌ರ ಬದುಕನ್ನು ನೋಡಿ.

1936ರಲ್ಲಿ ಶೆರ್ಶೆಲ್ ಎಂಬ ಕರಾವಳಿ ಪಟ್ಟಣದಲ್ಲಿ ಜನಿಸಿದ ಅವರ ನಿಜ ಹೆಸರು ಫಾತಿಮಾ ಝೊಹ್ರಾ. ತಂದೆ ಶಾಲಾ ಶಿಕ್ಷಕರು. ಅಲ್ಜೀರಿಯಾ ಆಗ ಫ್ರೆಂಚರ ಅಧೀನದಲ್ಲಿತ್ತು. ಓರಗೆಯ ಹುಡುಗಿಯರು ಮನೆಯಲ್ಲೇ ಉಳಿದಾಗ ಈಕೆ ಓದಿದರು. ಇತಿಹಾಸ ಕಲಿತರು. 1957ರಲ್ಲಿ ಮೊದಲ ಕಾದಂಬರಿ ಪ್ರಕಟಿಸಿದರು. 1962ರಲ್ಲಿ ದೇಶ ಸ್ವತಂತ್ರವಾದ ಬಳಿಕ ಅಲ್ಜಿಯರ್ಸ್ ವಿಶ್ವವಿದ್ಯಾಲಯದಲ್ಲಿ ಇತಿಹಾಸ ಕಲಿಸಿದರು.

ಆದರೆ ಗ್ರಂಥಗಳಲ್ಲಿ ಹೆಂಗಸರ ಮಾತೆಲ್ಲಿ? ಅದನ್ನು ಹುಡುಕುತ್ತಾ ಶೆನುವಾ ಬೆಟ್ಟದ ಹಳ್ಳಿಗಳಿಗೆ ಹೋದರು. ಸ್ವಾತಂತ್ರ್ಯ ಹೋರಾಟವನ್ನು ಕಂಡ ಅಜ್ಜಿಯರ ನೆನಪುಗಳನ್ನು ಕೇಳಿ ಚಲನಚಿತ್ರ ಮಾಡಿದರು. 1979ರಲ್ಲಿ ಅದಕ್ಕೆ ವೆನಿಸ್‌ನಲ್ಲಿ ಪ್ರಶಸ್ತಿ ಬಂತು.

1991ರ 'ಮದೀನಾದಿಂದ ದೂರ' ಎಂಬ ಕಾದಂಬರಿಗಾಗಿ ಇಬ್ನು ಹಿಶಾಮ್, ಇಬ್ನು ಸಅದ್, ತಬರಿಯವರ ಗ್ರಂಥಗಳನ್ನು ಓದಿದರು. ಪ್ರವಾದಿವರ್ಯರ(ಸ) ವಿಯೋಗದ ದಿನಗಳ ಮಹಿಳೆಯರೇ ಅದರ ಜೀವಾಳ. ಹ. ಫಾತಿಮಾ(ರ), ಹ. ಆಯಿಶಾ(ರ) ಅವರಲ್ಲಿದ್ದಾರೆ. ಅದು ಕಾದಂಬರಿ, ಕಲ್ಪನೆಯೂ ಇದೆ, ಚರಿತ್ರೆಯೆಂದು ಓದಬಾರದು. ಆದರೆ ನಮ್ಮ ಚರಿತ್ರೆಯಲ್ಲಿ ಮಹಿಳೆಯರು ಮಾತನಾಡಿದ್ದರು ಎಂಬುದನ್ನು ಅದು ನೆನಪಿಸುತ್ತದೆ.

2005ರಲ್ಲಿ ಫ್ರೆಂಚ್ ಅಕಾಡೆಮಿಗೆ ಆಯ್ಕೆಯಾದ ಅವರು 2015ರಲ್ಲಿ ಪ್ಯಾರಿಸ್‌ನಲ್ಲಿ ನಿಧನರಾದರು. ಹುಟ್ಟೂರಿನಲ್ಲೇ ದಫನವಾಯಿತು.

ಸಹೋದರಿಯರೇ, ನಿಮ್ಮ ಮಗಳನ್ನು ಓದಿಸಿ. ಮನೆಯ ಅಜ್ಜಿಯ ಬಳಿ ಕುಳಿತು ಅವರ ಮಾತುಗಳನ್ನು ಬರೆದಿಡಲು ಅವಳಿಗೆ ಹೇಳಿ. ಅಜ್ಜಿ ಹೋದ ಮೇಲೆ ಕೇಳುವುದು ಯಾರನ್ನು?